ಬಗ್ಸ್ ಬನಿಯ ಹಳೆಯ ಕಾರ್ಟೂನ್‌ಗಳಲ್ಲಿ ಹೆಸರುಗಳು ಎಲ್ಲಿ ಹೋದವು?

ಪ್ರಶ್ನೆ: ವಾರ್ನರ್ ಬ್ರದರ್ಸ್‌ನ ಕೆಲವು ಹಳೆಯ ಕಾರ್ಟೂನ್‌ಗಳಲ್ಲಿ ಶೀರ್ಷಿಕೆ ಬಂದ ಕೂಡಲೇ ಕಥೆ ಶುರುವಾಗುತ್ತದೆ. ನಿರ್ದೇಶಕರ, ಚಿತ್ರ ಬರೆದವರ ಹೆಸರೇ ಇಲ್ಲ. ಆ ಭಾಗದ ಫಿಲ್ಮ್ ಹಾಳಾಗಿದೆಯೇ?

ಉತ್ತರ: ಹಾಳಾದದ್ದಲ್ಲ, ಕತ್ತರಿಸಿ ತೆಗೆದದ್ದು. ಕತ್ತರಿ ಹಿಡಿದದ್ದೂ ವಾರ್ನರ್ ಕಂಪನಿಯೇ.

ಆಗ ಕಾರ್ಟೂನ್ ಎಂದರೆ ಚಿತ್ರಮಂದಿರದಲ್ಲಿ ಮುಖ್ಯ ಸಿನಿಮಾಕ್ಕೆ ಮೊದಲು ತೋರಿಸುವ ಏಳೆಂಟು ನಿಮಿಷದ ಸರಕು. ಹೊಸದನ್ನು ಮಾಡುವುದಕ್ಕಿಂತ ಹಳೆಯದನ್ನೇ ಇನ್ನೊಮ್ಮೆ ಓಡಿಸುವುದು ಅಗ್ಗ. ಹಾಗಾಗಿ 1943ರಿಂದ ವಾರ್ನರ್ ತನ್ನ ಬಣ್ಣದ ಕಾರ್ಟೂನ್‌ಗಳನ್ನು ‘ಬ್ಲೂ ರಿಬ್ಬನ್’ ಎಂಬ ಹಣೆಪಟ್ಟಿಯೊಂದಿಗೆ ಮರುಬಿಡುಗಡೆ ಮಾಡತೊಡಗಿತು. ಹೆಸರುಗಳಿದ್ದ ಕಾರ್ಡ್‌ಗಳನ್ನು ತೆಗೆದು ಹೊಸ ಶೀರ್ಷಿಕೆ ಅಂಟಿಸಲಾಯಿತು. ಪ್ರಿಂಟ್‌ನಲ್ಲಿ, ಅಂದರೆ ಚಿತ್ರಮಂದಿರಕ್ಕೆ ಹೋಗುವ ಪ್ರತಿಯಲ್ಲಿ ಕತ್ತರಿಸಿದ್ದರೆ ಚಿಂತೆಯಿರಲಿಲ್ಲ. ಇವರು ಕೈಹಾಕಿದ್ದು ಮೂಲ ನೆಗೆಟಿವ್‌ಗೆ. ಅದರಿಂದ ಮುಂದೆ ತೆಗೆದ ಪ್ರಿಂಟ್‌ಗಳೆಲ್ಲ ಹೆಸರಿಲ್ಲದವೇ. 1956ರಲ್ಲಿ ಟಿವಿ ಪ್ರಸಾರಕ್ಕೆ ಮಾರಾಟವಾದಾಗಲೂ ಇವು ಹೋದದ್ದು ಅದೇ ರೂಪದಲ್ಲಿ.

ಬದಲಾವಣೆ ಕೆಲವೊಮ್ಮೆ ಒಳಗೂ ನುಸುಳಿತು. ಬಗ್ಸ್ ಬನಿಯ ಮೊದಲ ನಿಜವಾದ ಚಿತ್ರವೆಂದು ಹೆಚ್ಚಿನವರು ಒಪ್ಪುವ, ಟೆಕ್ಸ್ ಏವರಿ ನಿರ್ದೇಶಿಸಿದ ‘ಎ ವೈಲ್ಡ್ ಹೇರ್’ (1940) ನೋಡಿ. ಮೊಲ ಬಗ್ಸ್ ಹಿಂದಿನಿಂದ ಬಂದು, ತನ್ನನ್ನು ಬೇಟೆಯಾಡಲು ಬಂದ ಎಲ್ಮರ್‌ನ ಕಣ್ಣು ಮುಚ್ಚಿ ‘ಯಾರು ಹೇಳು’ ಎನ್ನುತ್ತದೆ. ಎಲ್ಮರ್ ಒಬ್ಬೊಬ್ಬ ನಟಿಯ ಹೆಸರು ಹೇಳುತ್ತಾ ಹೋಗುತ್ತಾನೆ; ಅದರಲ್ಲಿ ಕ್ಯಾರಲ್ ಲೊಂಬಾರ್ಡ್ ಹೆಸರಿತ್ತು. 1942ರ ಜನವರಿಯಲ್ಲಿ ಆಕೆ ವಿಮಾನ ಅಪಘಾತದಲ್ಲಿ ತೀರಿಕೊಂಡರು. 1944ರ ಮರುಬಿಡುಗಡೆಯಲ್ಲಿ ಅಲ್ಲಿ ಬಾರ್ಬರಾ ಸ್ಟ್ಯಾನ್‌ವಿಕ್ ಹೆಸರು ಕೂತಿತು. ಇದಕ್ಕೆ ನನ್ನ ತಕರಾರಿಲ್ಲ, ಸತ್ತವರ ಬಗ್ಗೆ ಅಷ್ಟು ಸಂಕೋಚ ಸಹಜ. ದುಡಿದವರ ಹೆಸರು ಅಳಿಸಲು ಮಾತ್ರ ಅಂಥ ಸಬೂಬೂ ಇರಲಿಲ್ಲ.

ಮರಳಿ ಪಡೆಯುವ ದಾರಿ ಒಂದೇ: ಮೊದಲ ಬಿಡುಗಡೆಯ ಪ್ರಿಂಟ್ ಎಲ್ಲಾದರೂ ಉಳಿದಿರಬೇಕು. ಸಂಗ್ರಾಹಕರ ಬಳಿಯಿಂದ ಅಂಥವು ಆಗಾಗ ಹೊರಬರುತ್ತವೆ. ಆದರೆ ಆ ಕಾಲದ ನೈಟ್ರೇಟ್ ಫಿಲ್ಮ್ ಸುಲಭವಾಗಿ ಬೆಂಕಿ ಹಿಡಿಯುತ್ತದೆ, ಕೆಟ್ಟರೆ ಅಂಟಾಗಿ ಕೊನೆಗೆ ಪುಡಿಯಾಗುತ್ತದೆ. ಇನ್ನು ಅಂತರಜಾಲದಲ್ಲಿ ಕಾಣುವ ‘ಮೂಲ ಶೀರ್ಷಿಕೆ’ಗಳಲ್ಲಿ ಅಭಿಮಾನಿಗಳು ಕಂಪ್ಯೂಟರ್‌ನಲ್ಲಿ ತಯಾರಿಸಿದವೂ ಸೇರಿವೆ. ಹಾಗೆಂದು ಬರೆಯದೆ ಹಾಕಿದರೆ ಅದು ಸಂರಕ್ಷಣೆಯಲ್ಲ, ನಕಲಿ ದಾಖಲೆ.

ಅಂದಹಾಗೆ, ಅಸಲಿ ಕಾರ್ಡ್ ಸಿಕ್ಕಿದರೂ ಎಲ್ಲರ ಹೆಸರೂ ಸಿಗುವುದಿಲ್ಲ. ಈ ಕಾರ್ಟೂನ್‌ಗಳನ್ನು ತಯಾರಿಸುತ್ತಿದ್ದ ಲಿಯಾನ್ ಶ್ಲೆಸಿಂಜರ್‌ರ ಸ್ಟುಡಿಯೋದಲ್ಲಿ ಒಂದು ಚಿತ್ರಕ್ಕೆ ಹಲವು ಅನಿಮೇಟರ್‌ಗಳು ದುಡಿದರೂ ಸಾಮಾನ್ಯವಾಗಿ ಹೆಸರು ಹಾಕುತ್ತಿದ್ದುದು ಒಬ್ಬರದೇ, ಅದೂ ಸರದಿಯ ಮೇಲೆ.