ಎರಡನೇ ಪದ ಅಲ್ಲ, ಎರಡನೇ ಜಾಗ

ನನ್ನ ಹತ್ತಿರ ಡಚ್ ಕಲಿಯಲು ಬರುವ ಕನ್ನಡದವರಲ್ಲಿ ಹೆಚ್ಚಿನವರು ನೆದರ್ಲೆಂಡ್ಸಿನ ಐಂಡ್‌ಹೋವನ್ ಸುತ್ತಮುತ್ತ ಕೆಲಸ ಮಾಡುವ ಎಂಜಿನಿಯರ್‌ಗಳು. ಜಾಣರು. ಪದಗಳು ಬೇಗ ಬಾಯಿಗೆ ಬರುತ್ತವೆ, ಹೋಮ್‌ವರ್ಕ್ ತಪ್ಪಿಸುವುದಿಲ್ಲ. ಆದರೆ ಒಂದು ವಾಕ್ಯ ಬರೆಯಿರಿ ಅಂದರೆ ಸಾಕು, ಕನ್ನಡದಲ್ಲಿ ಯೋಚಿಸುತ್ತಾರೆ, ಇಂಗ್ಲಿಷಿಗೆ ತಿರುಗಿಸುತ್ತಾರೆ, ಅಲ್ಲಿಂದ ಡಚ್ಚಿಗೆ ತರುತ್ತಾರೆ. ಕೆಡುವುದೆಲ್ಲ ಆ ನಡುವಿನ ಇಂಗ್ಲಿಷಿನಲ್ಲೇ.

ನಿಯಮ ಎಲ್ಲರಿಗೂ ಬಾಯಿಪಾಠ: ಮುಖ್ಯ ವಾಕ್ಯದಲ್ಲಿ ಕ್ರಿಯಾಪದ ಎರಡನೆಯದು. ಸರಿ, ಯಾವುದರಲ್ಲಿ ಎರಡನೆಯದು? ಇವರು ಪದ ಎಣಿಸುತ್ತಾರೆ. ಬೆರಳು ಮಡಿಚಿ ಎಣಿಸುವವರೂ ಇದ್ದಾರೆ. ಎಣಿಸಬೇಕಾದ್ದು ಪದಗಳನ್ನಲ್ಲ ಮಾರಾಯ್ರೇ, ಜಾಗಗಳನ್ನು.

‘ನಿನ್ನೆ ಸೈಕಲ್ ಕೊಂಡೆ’ ಅನ್ನುವುದನ್ನೇ ನೋಡಿ. ಇಂಗ್ಲಿಷಿನ ದಾರಿ ಹಿಡಿದವರು ‘ಖಿಸ್ಟರನ್ ಇಕ್ ಹೆಪ್’ ಅಂತ ಶುರು ಮಾಡುತ್ತಾರೆ. ತಪ್ಪು. ‘ಖಿಸ್ಟರನ್ ಹೆಪ್ ಇಕ್ ಎನ್ ಫೀಟ್ಸ್ ಖಕೋಖ್ಟ್’ ಅನ್ನಬೇಕು. ಕನ್ನಡದ ಪದಗಳನ್ನು ಅದೇ ಸಾಲಿನಲ್ಲಿ ಇಟ್ಟರೆ: ನಿನ್ನೆ, ಇದ್ದೇನೆ, ನಾನು, ಒಂದು ಸೈಕಲ್, ಕೊಂಡು. ‘ನಿನ್ನೆ’ ಮೊದಲ ಜಾಗ ಹಿಡಿಯಿತು. ಹಾಗಾಗಿ ಎರಡನೇ ಜಾಗಕ್ಕೆ ‘ಹೆಪ್’ ಬಂತು, ‘ನಾನು’ ಹಿಂದೆ ಸರಿಯಿತು.

ಇಷ್ಟಕ್ಕೆ ಎಲ್ಲರೂ ತಲೆಯಾಡಿಸುತ್ತಾರೆ. ಮೊದಲ ಜಾಗ ಉದ್ದವಾಯಿತೋ, ಮತ್ತೆ ಪದ ಎಣಿಸುವುದು ಶುರು. ‘ನಮ್ಮ ಪಕ್ಕದಲ್ಲಿರುವವನು ಸೈಕಲ್ ಕೊಂಡಿದ್ದಾನೆ’ ಅನ್ನಲು ಡಚ್ಚರು ‘ದ ಮನ್ ದೀ ನಾಸ್ಟ್ ಒನ್ಸ್ ವೋನ್ಟ್, ಹೇಫ್ಟ್ ಎನ್ ಫೀಟ್ಸ್ ಖಕೋಖ್ಟ್’ ಎನ್ನುತ್ತಾರೆ. ‘ಹೇಫ್ಟ್’ ಇಲ್ಲಿ ಏಳನೇ ಪದ. ಆದರೂ ಅದು ಎರಡನೇ ಜಾಗದಲ್ಲೇ ಇದೆ. ಅದರ ಹಿಂದಿನ ಆರು ಪದವೂ ಸೇರಿ ಒಬ್ಬನೇ ಮನುಷ್ಯ. ರೈಲಿನ ಬೋಗಿಯಲ್ಲಿ ಒಬ್ಬನಿರಲಿ, ಎಪ್ಪತ್ತು ಜನ ಇರಲಿ, ಬೋಗಿ ಒಂದೇ ಅಲ್ವಾ?

ಒಂದು ಇಡೀ ಉಪವಾಕ್ಯವೂ ಒಂದೇ ಜಾಗ. ‘ಮಳೆ ಬರ್ತಿದೆ ಅಂತ ನಾನು ಮನೆಯಲ್ಲೇ ಇರ್ತೀನಿ’: ‘ಒಮ್‌ದಾಟ್ ಹೆಟ್ ರೇಖಂಟ್, ಬ್ಲೈಫ್ ಇಕ್ ತೌಸ್.’ ಕಾಮಾ ಕಂಡ ಕೂಡಲೇ ಜನ ಹೊಸ ವಾಕ್ಯ ಶುರುವಾಯಿತು ಅಂದುಕೊಂಡು ‘ಇಕ್ ಬ್ಲೈಫ್’ ಬರೆದುಬಿಡುತ್ತಾರೆ. ಈ ಒಂದು ತಪ್ಪನ್ನು ತಿದ್ದಿ ತಿದ್ದಿ ನನ್ನ ಕೆಂಪು ಪೆನ್ನು ಸವೆದಿದೆ. ಮಳೆ ಬರುವುದು ಮೊದಲ ಜಾಗ. ‘ಬ್ಲೈಫ್’ ಎರಡನೆಯದು. ಮುಗಿಯಿತು.

ಇದಕ್ಕೆ ಅಪವಾದ ಇಲ್ಲವೇ ಅಂದರೆ, ಇದೆ. ‘ಎನ್’ (ಮತ್ತು), ‘ಮಾರ್’ (ಆದರೆ), ‘ವಾಂಟ್’ (ಯಾಕೆಂದರೆ) ಥರದ ಜೋಡಿಸುವ ಪದಗಳನ್ನು ಲೆಕ್ಕಕ್ಕೆ ಹಿಡಿಯಬಾರದು. ‘ಅವನು ಏನೇ ಹೇಳಲಿ, ನಾನು ಬರಲ್ಲ’ ಎಂಬಂಥ ವಾಕ್ಯಗಳಲ್ಲಿ ಮೊದಲ ತುಂಡೂ ಲೆಕ್ಕದ ಹೊರಗೆ. ಇವುಗಳ ಚಿಂತೆ ಆಮೇಲೆ ಮಾಡೋಣ.

ಇನ್ನು ‘ಖಕೋಖ್ಟ್’ ಕೊನೆಯಲ್ಲಿ ಯಾಕೆ ಕೂತಿದೆ? ‘ಏಕೆಂದರೆ’ ಸೇರಿಸಿ ನೋಡಿ: ‘ಒಮ್‌ದಾಟ್ ಇಕ್ ಖಿಸ್ಟರನ್ ಎನ್ ಫೀಟ್ಸ್ ಖಕೋಖ್ಟ್ ಹೆಪ್.’ ಏಕೆಂದರೆ ನಾನು ನಿನ್ನೆ ಒಂದು ಸೈಕಲ್ ಕೊಂಡಿದ್ದೇನೆ. ಕನ್ನಡದ್ದೇ ಸಾಲು! ಡಚ್ ಕ್ರಿಯಾಪದದ ಮೂಲ ಜಾಗ ವಾಕ್ಯದ ಕೊನೆಯೇ ಎಂದು ಭಾಷಾವಿಜ್ಞಾನಿ ಯಾನ್ ಕೋಸ್ಟರ್ 1975ರಲ್ಲಿ ವಾದಿಸಿದರು. ಫೋನ್ ಮಾಡುವುದಕ್ಕೆ ‘ಒಪ್‌ಬೆಲ್ಲನ್’ ಅನ್ನುತ್ತಾರೆ. ‘ನಾಳೆ ನಿನಗೆ ಫೋನ್ ಮಾಡ್ತೀನಿ’ ಅನ್ನುವಾಗ ‘ಇಕ್ ಬೆಲ್ ಯೆ ಮೊರ್ಖನ್ ಒಪ್’. ‘ಬೆಲ್’ ಮುಂದೆ ಹೋಯಿತು, ‘ಒಪ್’ ಕೊನೆಯಲ್ಲೇ ಉಳಿಯಿತು. ಕ್ರಿಯಾಪದ ಎಲ್ಲಿಂದ ಎದ್ದು ಹೋಗಿದೆ ಅನ್ನುವುದಕ್ಕೆ ಬೇರೆ ಸಾಕ್ಷಿ ಬೇಕೇ? ‘ಒಮ್‌ದಾಟ್’ ಇದ್ದಾಗ ಅದು ಏಳುವುದಿಲ್ಲ. ಇನ್ನೊಬ್ಬ ಭಾಷಾವಿಜ್ಞಾನಿ ಹನ್ಸ್ ಡೆನ್ ಬೆಸ್ಟನ್ ಕೊಟ್ಟ ವಿವರಣೆ ಸರಳ: ಕ್ರಿಯಾಪದ ಹೋಗಿ ಕೂರುವ ಜಾಗವನ್ನು ‘ಒಮ್‌ದಾಟ್’ ಆಗಲೇ ಹಿಡಿದಿರುತ್ತದೆ. ಇದನ್ನೆಲ್ಲ ಒಪ್ಪದ ಪಂಡಿತರೂ ಇದ್ದಾರೆ. ಆದರೆ ಕಲಿಸುವವಳಿಗೆ ಇದರಷ್ಟು ಕೆಲಸಕ್ಕೆ ಬರುವ ವಿವರಣೆ ಇನ್ನೊಂದಿಲ್ಲ.

ನನ್ನ ತರಗತಿಗೆ ಶಿವಮೊಗ್ಗ ಕಡೆಯ ಒಬ್ಬ ಗೃಹಿಣಿ ಬರುತ್ತಿದ್ದರು. ಕನ್ನಡ ಮೀಡಿಯಂನಲ್ಲಿ ಓದಿದವರು. ‘ಮೇಡಂ, ನಂಗೆ ಇಂಗ್ಲಿಷೇ ಸರಿಯಾಗಿ ಬರಲ್ಲ, ಇದು ಬರುತ್ತಾ?’ ಅಂತ ಅಳುಕುತ್ತಿದ್ದರು. ಉಪವಾಕ್ಯದ ಪಾಠ ಬಂದಾಗ ಅವರ ಗಂಡ ಒದ್ದಾಡುತ್ತಿದ್ದರೆ, ಇವರು ಸುಮ್ನೆ ಕನ್ನಡದ ಸಾಲಿನಲ್ಲೇ ಪದ ಜೋಡಿಸಿ ಸರಿಯಾಗಿ ಬರೆದರು. ಎಲ್ಲರಿಗೂ ಹೀಗೇ ಆಗುತ್ತದೆ ಅಂತ ಹೇಳಲಾರೆ. ಅವತ್ತು ಅವರ ಮುಖ ಮಾತ್ರ ನೋಡಬೇಕಿತ್ತು.

ಜರ್ಮನ್ ಕೂಡ ಇದೇ ದಾರಿಯದು. ಸ್ವೀಡಿಷ್, ಡೇನಿಷ್‌ಗಳಲ್ಲಿ ಎರಡನೇ ಜಾಗದ ನಿಯಮ ಇದೆ, ಆದರೆ ಕ್ರಿಯಾಪದದ ಮೂಲ ಜಾಗ ವಾಕ್ಯದ ಕೊನೆಯಲ್ಲ. ಈ ಇಡೀ ಬಳಗದಲ್ಲಿ ನಿಯಮವನ್ನು ಹೆಚ್ಚುಕಡಿಮೆ ಕಳೆದುಕೊಂಡಿರುವುದು ಇಂಗ್ಲಿಷ್. ‘ನೆವರ್ ಹ್ಯಾವ್ ಐ ಸೀನ್’ ಎಂಬಂಥ ಕೆಲವು ಪಳೆಯುಳಿಕೆಗಳಷ್ಟೇ ಉಳಿದಿವೆ. ನಾವು ಹೋಗಿ ಹೋಗಿ ಅದನ್ನೇ ಅಳತೆಗೋಲು ಮಾಡಿಕೊಂಡಿದ್ದೇವೆ! ನಮ್ಮ ದೇಶದಲ್ಲೇ ಕಾಶ್ಮೀರಿಯಲ್ಲಿ ಎರಡನೇ ಜಾಗದ ನಿಯಮ ಇದೆ ಅಂದರೆ ಯಾರೂ ನಂಬುವುದಿಲ್ಲ.

ಎಂಜಿನಿಯರ್‌ಗಳಿಗೆ ಇಷ್ಟವಾಗುವುದು ಬೇರೆ ವಿಷಯ. ‘ಜಾನ್ ಮಕ್ಕಳಿಗೆ ಈಜಲು ನೆರವಾಗುವುದನ್ನು ನಾನು ನೋಡಿದ್ದರಿಂದ’ ಅನ್ನುವುದನ್ನು ಡಚ್ಚರು ಹೀಗೆ ಜೋಡಿಸುತ್ತಾರೆ: ನಾನು, ಜಾನ್, ಮಕ್ಕಳು, ನೋಡಿದೆ, ನೆರವಾಗು, ಈಜು. ಮೊದಲು ಬಂದವರ ಕ್ರಿಯಾಪದ ಮೊದಲು, ಥೇಟ್ ಕ್ಯೂ. ಜರ್ಮನ್‌ನಲ್ಲಿ ಈಜು, ನೆರವಾಗು, ನೋಡಿದೆ. ಅದು ಸ್ಟ್ಯಾಕ್, ಕೊನೆಗೆ ಬಂದವರ ಕ್ರಿಯಾಪದ ಮೊದಲು. ಡಚ್ಚಿನಂತೆಯೇ ಹೆಣೆದುಕೊಳ್ಳುವ ಸ್ವಿಸ್ ಜರ್ಮನ್ ವಾಕ್ಯಗಳನ್ನು ಹಿಡಿದು ಕಂಪ್ಯೂಟರ್ ವಿಜ್ಞಾನಿ ಸ್ಟುವರ್ಟ್ ಶೀಬರ್ 1985ರಲ್ಲಿ ಒಂದು ವಿಷಯ ಸಾಧಿಸಿ ತೋರಿಸಿದರು. ಪ್ರೋಗ್ರಾಮಿಂಗ್ ಭಾಷೆಗಳಿಗೆ ಬಳಸುವ ಕಾಂಟೆಕ್ಸ್ಟ್-ಫ್ರೀ ವ್ಯಾಕರಣ (ಅಕ್ಕಪಕ್ಕದ ಸಂದರ್ಭ ನೋಡದೆ ಅನ್ವಯಿಸುವ ನಿಯಮಗಳ ಕಂತೆ) ಮನುಷ್ಯರ ಎಲ್ಲ ಭಾಷೆಗೂ ಸಾಲದು ಎಂದು. ಇದನ್ನು ಹೇಳಿದ ದಿನ ತರಗತಿ ಮುಗಿದರೂ ಯಾರೂ ಏಳುವುದಿಲ್ಲ.

ಕೊನೆಗೆ, ಪರೀಕ್ಷೆ ಹತ್ತಿರ ಬಂದಾಗ ಎಲ್ಲರೂ ಕೇಳುವ ಪ್ರಶ್ನೆ. ಉಪವಾಕ್ಯದ ಕೊನೆಯಲ್ಲಿ ‘ಖಕೋಖ್ಟ್ ಹೆಪ್’ ಸರಿಯೋ, ‘ಹೆಪ್ ಖಕೋಖ್ಟ್’ ಸರಿಯೋ? ಎರಡೂ ಸರಿ. ಮೊದಲನೆಯದಕ್ಕೆ ಹಸಿರು ಸಾಲು, ಎರಡನೆಯದಕ್ಕೆ ಕೆಂಪು ಸಾಲು ಅಂತ ಹೆಸರೂ ಇದೆ. ತಿದ್ದಿ ತೀಡಿದ ಬರಹದಲ್ಲಿ ಕೆಂಪು ಸಾಲು ಜಾಸ್ತಿ ಕಾಣುತ್ತದೆ. ನಿಮಗೆ ‘ಕೊಂಡಿದ್ದೇನೆ’ ಬಾಯಿಗೆ ಹತ್ತಿರ ಇದ್ದರೆ ಹಸಿರನ್ನೇ ಬರೆಯಿರಿ, ಅದಕ್ಕೆ ಯಾರೂ ಅಂಕ ಕಳೆಯಬಾರದು.