ಎದುರು ವೇಷದ ತೂಕ: ಕಾಮಿಕ್ಸ್ ಸಿನಿಮಾಗಳ ಪೋಷಕ ನಟರು

ಮುಂಬಯಿಯ ಮಾಟುಂಗದಲ್ಲಿ ನಾನು ನಡೆಸುವ ಸಂಜೆಯ ಅಭಿನಯ ತರಗತಿಗೆ ಬರುವವರಲ್ಲಿ ಹೆಚ್ಚಿನವರು ದುಡಿಯುವ ಮಂದಿ. ಬ್ಯಾಂಕಿನ ಕೌಂಟರಿನಿಂದ, ಹೋಟೆಲಿನ ಗಲ್ಲಾದಿಂದ, ಅಂಧೇರಿಯ ಕಚೇರಿಗಳಿಂದ ಲೋಕಲ್ ಹಿಡಿದು ಬರುತ್ತಾರೆ. ಕೆಲವರಿಗೆ ಕನ್ನಡ ನಾಟಕದ ಹುಚ್ಚು, ಕೆಲವರಿಗೆ ಧಾರಾವಾಹಿಯ ಆಡಿಷನ್ ಗೆಲ್ಲುವ ಆಸೆ. ಅವರಲ್ಲಿ ಪ್ರತಿ ವರ್ಷವೂ ಮೂರು ನಾಲ್ಕು ಮಂದಿ ಮೊದಲ ದಿನವೇ ಬ್ಯಾಟ್‌ಮನ್ ಕಥೆಗಳ ಖಳನಾಯಕ ಜೋಕರ್‌ನ ನಗುವನ್ನು ಮಾಡಿ ತೋರಿಸುತ್ತಾರೆ. ನಗು ಚೆನ್ನಾಗಿಯೇ ಇರುತ್ತದೆ, ಮನೆಯಲ್ಲಿ ಕನ್ನಡಿಯ ಮುಂದೆ ಸಾಕಷ್ಟು ಬೆವರು ಸುರಿಸಿದ್ದು ಗೊತ್ತಾಗುತ್ತದೆ. ನಾನು ಆಗ ಕೇಳುವುದು ಒಂದೇ ಪ್ರಶ್ನೆ: ಈ ನಗು ಯಾರ ಎದುರಿಗೆ? ಬಹುತೇಕರಿಗೆ ಉತ್ತರ ಹೊಳೆಯುವುದಿಲ್ಲ, ಏಕೆಂದರೆ ಅಭ್ಯಾಸದ ಹೊತ್ತಿನಲ್ಲಿ ಎದುರಿಗೆ ಯಾರೂ ಇರಲಿಲ್ಲ.

ಕಾಮಿಕ್ಸ್ ಆಧಾರಿತ ಸಿನಿಮಾಗಳಲ್ಲಿ ಮೆಚ್ಚುಗೆ ಪಡೆದ ಪೋಷಕ ಪಾತ್ರಗಳನ್ನು ನಾನು ಪಾಠಕ್ಕೆ ಇಟ್ಟುಕೊಂಡಿರುವುದು ಈ ಪ್ರಶ್ನೆಗಾಗಿಯೇ. ಕರಾವಳಿಯ ಯಕ್ಷಗಾನ ಮೇಳಗಳು ಊರಿನಲ್ಲಿ ತಿರುಗಾಟ ಮುಗಿಸಿದ ಮೇಲೆ ಮಳೆಗಾಲದಲ್ಲಿ ಮುಂಬಯಿಗೆ ಬರುವ ಕಲಾವಿದರ ತಾಳಮದ್ದಳೆಯನ್ನು, ಎಂದರೆ ವೇಷವಿಲ್ಲದೆ ಕುಳಿತು ಮಾತಿನಲ್ಲೇ ನಡೆಸುವ ಯಕ್ಷಗಾನವನ್ನು, ನೋಡಿ ಬೆಳೆದವರಿಗೆ ನನ್ನ ಮಾತು ಬೇಗ ತಿಳಿಯುತ್ತದೆ. ಅಲ್ಲಿ ಪ್ರಸಂಗದ ಪದ್ಯ ಮೊದಲೇ ನಿಶ್ಚಯವಾದದ್ದು, ಕಥೆ ಸಭೆಯಲ್ಲಿ ಕುಳಿತ ಎಲ್ಲರಿಗೂ ಬಾಯಿಪಾಠ. ಭಾಗವತರು ಪದ್ಯ ಹಾಡಿ ನಿಲ್ಲಿಸಿದ ಮೇಲೆ ಪಾತ್ರವಾಗಿ ಮಾತಾಡುವ ಅರ್ಥಧಾರಿ ಏನು ಹೇಳುತ್ತಾನೆ, ಎದುರು ಕುಳಿತವನ ಮಾತಿಗೆ ಹೇಗೆ ಕಿವಿಗೊಡುತ್ತಾನೆ ಎಂಬುದರಲ್ಲಿ ಇಡೀ ರಾತ್ರಿಯ ಸ್ವಾರಸ್ಯ ಅಡಗಿರುತ್ತದೆ. ಕಾಮಿಕ್ಸ್ ಪುಟವೂ ಹಾಗೆಯೇ. ಮುಖ, ಉಡುಪು, ನಿಲುವು, ಮಾತಿನ ಗುಳ್ಳೆ ಎಲ್ಲವೂ ಅಲ್ಲಿ ಬರೆದಿಟ್ಟದ್ದು, ಓದುಗರಿಗೆ ದಶಕಗಳಿಂದ ಪರಿಚಿತವಾದದ್ದು. ಒಂದು ಚೌಕಟ್ಟಿಗೂ ಮುಂದಿನ ಚೌಕಟ್ಟಿಗೂ ನಡುವೆ ಬಿಟ್ಟ ಬಿಳಿಯ ಜಾಗವನ್ನು ಮಾತ್ರ ಉಸಿರಿನಿಂದ, ತಡೆತದಿಂದ, ನೋಟದಿಂದ ನಟ ತುಂಬಬೇಕು. ನಾಯಕನಿಗೆ ಅದಕ್ಕಾಗಿ ಎರಡು ಗಂಟೆಗಳ ಅವಕಾಶವಿದೆ. ಪೋಷಕ ನಟನಿಗೆ ಹತ್ತೋ ಇಪ್ಪತ್ತೋ ನಿಮಿಷ ಸಿಗಬಹುದು, ಅಷ್ಟರಲ್ಲಿ ತನ್ನ ಪಾತ್ರವನ್ನೂ ನಿಲ್ಲಿಸಿ ನಾಯಕನ ಪಾತ್ರಕ್ಕೂ ತೂಕ ಕೊಡಬೇಕು.

ಆಸ್ಕರ್‌ನ ಪೋಷಕ ನಟ ವಿಭಾಗಕ್ಕೆ ಈ ಬಗೆಯ ಸಿನಿಮಾದಿಂದ ನಾಮನಿರ್ದೇಶನ ಪಡೆದವರಲ್ಲಿ ಅಲ್ ಪಚಿನೊ ಒಬ್ಬರು. 1931ರಲ್ಲಿ ಚೆಸ್ಟರ್ ಗೌಲ್ಡ್ ಆರಂಭಿಸಿದ ಪತ್ರಿಕಾ ಚಿತ್ರಸರಣಿಯನ್ನು ಆಧರಿಸಿದ 1990ರ 'ಡಿಕ್ ಟ್ರೇಸಿ'ಯಲ್ಲಿ ಅವರದು ಬಿಗ್ ಬಾಯ್ ಎಂಬ ಪಾತಕಿಯ ಪಾತ್ರ. ಆ ಚಿತ್ರ ಪ್ರಸಾಧನಕ್ಕೆ ಆಸ್ಕರ್ ಗೆದ್ದಿತು. ಮುಖವೆಲ್ಲ ಅಂಟಿಸಿದ ಗದ್ದ ಮೂಗುಗಳ ಕೆಳಗೆ ನಟನನ್ನು ಗುರುತಿಸುವುದೇ ಕಷ್ಟ. ಯಕ್ಷಗಾನದಲ್ಲಿ ಮುಖಕ್ಕೆ ಚುಟ್ಟಿ ಇಟ್ಟ ರಾಕ್ಷಸನ ಬಣ್ಣದ ವೇಷದಂತೆ ಆಹಾರ್ಯವೇ, ಎಂದರೆ ವೇಷಭೂಷಣವೇ, ಅರ್ಧ ಅಭಿನಯ ಮಾಡಿಬಿಡುವ ಸಂದರ್ಭ ಅದು. ಅಂತಹ ವೇಷ ಹೊತ್ತವನು ಸಣ್ಣದಾಗಿ ಆಡಿದರೆ ವೇಷದೊಳಗೆ ಮುಳುಗಿಹೋಗುತ್ತಾನೆ ಎಂಬುದನ್ನು ಅರಿತೇ ಪಚಿನೊ ಅಬ್ಬರವನ್ನು ಆರಿಸಿಕೊಂಡರು. ಕ್ಲಬ್ಬಿನ ನರ್ತಕಿಯರಿಗೆ ಹೆಜ್ಜೆ ತಿದ್ದುವ ದೃಶ್ಯದಲ್ಲಿ ಅವರ ಕೈ, ಭುಜ, ಕಂಠ ಯಾವುದಕ್ಕೂ ವಿಶ್ರಾಂತಿಯಿಲ್ಲ. ಅದು ಸರಿಯಾದ ಆಯ್ಕೆ ಎಂದೇ ನನ್ನ ಅಭಿಪ್ರಾಯ, ಆದರೆ ಹೊಸಬರಿಗೆ ಅದನ್ನು ಮೊದಲ ಪಾಠವಾಗಿ ಕೊಡಲು ನನಗೆ ಧೈರ್ಯ ಸಾಲದು.

ಮೊದಲ ಪಾಠಕ್ಕೆ ನಾನು ಪಾಲ್ ನ್ಯೂಮನ್ ಅವರನ್ನು ಆರಿಸುತ್ತೇನೆ. ಮ್ಯಾಕ್ಸ್ ಅಲನ್ ಕಾಲಿನ್ಸ್ ಬರೆದು ರಿಚರ್ಡ್ ಪಿಯರ್ಸ್ ರೇನರ್ ಚಿತ್ರಿಸಿದ 1998ರ ಗ್ರಾಫಿಕ್ ಕಾದಂಬರಿಯಿಂದ 2002ರಲ್ಲಿ ಬಂದ 'ರೋಡ್ ಟು ಪರ್ಡಿಷನ್' ಚಿತ್ರದಲ್ಲಿ ಅವರು ಜಾನ್ ರೂನಿ ಎಂಬ ಐರಿಷ್ ಮೂಲದ ಪಾತಕ ದೊರೆ. ಆಸ್ಕರ್‌ಗೆ ನಟನಾಗಿ ಅವರಿಗೆ ದೊರೆತ ಕೊನೆಯ ನಾಮನಿರ್ದೇಶನ ಈ ಪಾತ್ರಕ್ಕೆ. ಚಿತ್ರದ ಆರಂಭದಲ್ಲಿ ಸಾವಿನ ಮನೆಯ ಕೂಟವೊಂದರಲ್ಲಿ ರೂನಿ ಮತ್ತು ಅವನ ಬಂಟ ಸಲಿವನ್, ಎಂದರೆ ಟಾಮ್ ಹ್ಯಾಂಕ್ಸ್, ಅಕ್ಕಪಕ್ಕ ಕುಳಿತು ಪಿಯಾನೊ ನುಡಿಸುತ್ತಾರೆ. ಸಂಭಾಷಣೆಯೇ ಇಲ್ಲದ ಆ ಹೊತ್ತಿನಲ್ಲಿ ಮುದುಕನು ತನ್ನವನಲ್ಲದ ಮಗನ ಕಡೆಗೆ ತಿರುಗಿ ಬೀರುವ ಕಿರುನಗೆಯನ್ನು, ಹಾಗೂ ಅದನ್ನು ದೂರದಿಂದ ನೋಡುತ್ತಿರುವ ಹೆತ್ತ ಮಗನ ಮುಖವನ್ನು ನೋಡಿದವರಿಗೆ ಮುಂದಿನ ಕೊಲೆಗಳ ಕಾರಣವನ್ನು ಬೇರೆ ಯಾರೂ ವಿವರಿಸಬೇಕಾಗಿಲ್ಲ.

ಕೊನೆಗೆ ಮಳೆ ಸುರಿಯುವ ರಾತ್ರಿಯ ದೃಶ್ಯ ಬರುತ್ತದೆ. ರೂನಿ ಅಂಗರಕ್ಷಕರೊಂದಿಗೆ ಕಾರಿನ ಬಳಿಗೆ ಬರುತ್ತಾನೆ. ಕತ್ತಲಿನೊಳಗಿಂದ ಗುಂಡಿನ ಬೆಳಕು ಚಿಮ್ಮುತ್ತದೆ, ಗುಂಡಿನ ಸದ್ದನ್ನು ನಿರ್ದೇಶಕರು ಅಳಿಸಿಹಾಕಿ ಸಂಗೀತವನ್ನಷ್ಟೇ ಉಳಿಸಿದ್ದಾರೆ. ಒಬ್ಬೊಬ್ಬರಾಗಿ ಬೀಳುತ್ತಿರುವ ಜನರ ನಡುವೆ ರೂನಿ ಓಡುವುದಿಲ್ಲ, ಬಗ್ಗುವುದಿಲ್ಲ, ತಿರುಗಿಯೂ ನೋಡುವುದಿಲ್ಲ. ಬಂದವನು ಯಾರೆಂದು ಅವನಿಗೆ ಗೊತ್ತು. ಎಲ್ಲವೂ ನಿಂತ ಮೇಲೆ ನಿಧಾನವಾಗಿ ತಿರುಗಿ, ಬಂದವನು ನೀನೇ ಆದದ್ದು ನನಗೆ ಸಮಾಧಾನ ಎಂಬರ್ಥದ ಒಂದೇ ಮಾತು ಹೇಳುತ್ತಾನೆ. ಎಪ್ಪತ್ತು ದಾಟಿದ ನಟನೊಬ್ಬ ಏನನ್ನೂ ತೋರಿಸದೆ ನಿಂತದ್ದರಿಂದಲೇ ಆ ಹತ್ಯೆ ನಾಯಕನ ಎದೆಯ ಮೇಲೆ ಕುಳಿತುಬಿಡುತ್ತದೆ.

ಈ ದೃಶ್ಯವನ್ನು ತರಗತಿಯಲ್ಲಿ ಆಡಿಸುವಾಗ ನಾನು ರೂನಿಯ ಪಾತ್ರಧಾರಿಯನ್ನು ಗೋಡೆಗೆ ಮುಖ ಮಾಡಿ ನಿಲ್ಲಿಸುತ್ತೇನೆ. ಹಿಂದೆ ನಾಲ್ವರು ಹೆಚ್ಚು ಸದ್ದು ಮಾಡದೆ ಒಬ್ಬೊಬ್ಬರಾಗಿ ಕುಸಿಯಬೇಕು. ಒಮ್ಮೆ ಸಹಕಾರಿ ಬ್ಯಾಂಕೊಂದರ ನೌಕರರೊಬ್ಬರು ಹಾಗೆ ನಿಂತರು. ಮೊದಲೆರಡು ಸಲ ಅವರ ಹೆಗಲು ನಡುಗಿತು, ಬೆರಳುಗಳು ಮುಷ್ಟಿಯಾದವು, ನಾಟಕೀಯವಾಗಿ ತಲೆ ಕೆಳಗೆ ಬಿದ್ದಿತು. ಬರೀ ಎಣಿಸಿ, ಎಷ್ಟು ಜನ ಬಿದ್ದರೆಂದು ಕಿವಿಯಿಂದಲೇ ಎಣಿಸಿ ಎಂದೆ. ಮೂರನೆಯ ಸಲ ಅವರು ಬೇರೇನನ್ನೂ ಮಾಡಲಿಲ್ಲ. ನಾಲ್ಕನೆಯವನು ಬಿದ್ದಾಗ ಅವರ ಕತ್ತಿನ ಹಿಂಭಾಗ ಒಂದಿಷ್ಟು ಸಡಿಲವಾದದ್ದು ಕೋಣೆಯ ಆ ತುದಿಯಲ್ಲಿ ಕುಳಿತವರಿಗೂ ಕಂಡಿತು. "ಸರ್, ನಾನು ಏನೂ ಮಾಡಲೇ ಇಲ್ಲವಲ್ಲ" ಎಂದು ಅವರು ಸಂಕೋಚಪಟ್ಟರು. ಅವರು ಕೇಳಿಸಿಕೊಂಡಿದ್ದರು, ನಟನಿಗೆ ಅದಕ್ಕಿಂತ ದೊಡ್ಡ ಕೆಲಸ ಕಡಿಮೆ.

ವಿಲಿಯಂ ಹರ್ಟ್ ಅವರದು ಇನ್ನೂ ಚಿಕ್ಕ ಅವಕಾಶ. 2005ರ 'ಎ ಹಿಸ್ಟರಿ ಆಫ್ ವಯಲೆನ್ಸ್' ಮುಗಿಯುವ ಹೊತ್ತಿಗೆ ಬರುವ ನಾಯಕನ ಅಣ್ಣನ ಪಾತ್ರ, ಪರದೆಯ ಮೇಲೆ ಹತ್ತು ನಿಮಿಷವೂ ಇಲ್ಲ. ವರ್ಷಗಳ ಮೇಲೆ ಸಿಕ್ಕ ತಮ್ಮನನ್ನು ಅಪ್ಪಿಕೊಂಡು, ನಿನ್ನಿಂದ ನನಗೆ ಎಷ್ಟು ನಷ್ಟವಾಯಿತೆಂದು ಮನೆಯ ದೂರು ಹೇಳುವ ಧಾಟಿಯಲ್ಲಿ ಹೇಳಿ, ಆಮೇಲೆ ಅವನನ್ನು ಕೊಲ್ಲಿಸಲು ಹೊರಡುತ್ತಾನೆ. ಆ ದೂರಿನಲ್ಲಿ ನಿಜವಾದ ಅಣ್ಣನ ನೋವು ಇರುವುದರಿಂದಲೇ ನಾಯಕ ಬಿಟ್ಟುಬಂದ ಬಾಳು ಎಂಥದ್ದೆಂದು ನಮಗೆ ಅರಿವಾಗುತ್ತದೆ.

ಜೋಕರ್ ಆಗಿ ನಟಿಸಿದ ಹೀತ್ ಲೆಡ್ಜರ್ ಬಗ್ಗೆ ಬರೆದಷ್ಟು ಬೇರೆ ಯಾರ ಬಗ್ಗೆಯೂ ಬರೆದಿಲ್ಲವೇನೋ. 2008ರ ಜನವರಿಯಲ್ಲಿ ಅವರು ತೀರಿಕೊಂಡರು, ಅದೇ ವರ್ಷ 'ದ ಡಾರ್ಕ್ ನೈಟ್' ಬಿಡುಗಡೆಯಾಯಿತು, 2009ರ ಫೆಬ್ರವರಿಯಲ್ಲಿ ಪೋಷಕ ನಟ ಪ್ರಶಸ್ತಿಯನ್ನು ಅವರ ಕುಟುಂಬದವರು ಸ್ವೀಕರಿಸಿದರು. ಮರಣಾನಂತರ ಅಭಿನಯಕ್ಕೆ ಆಸ್ಕರ್ ಪಡೆದವರಲ್ಲಿ ಪೀಟರ್ ಫಿಂಚ್ ಅವರ ನಂತರ ಅವರೇ ಎರಡನೆಯವರು. ಅವರ ಸಾವಿನ ಸುತ್ತ ಹುಟ್ಟಿದ ಕಥೆಗಳು ಹೊಸ ನಟರಿಗೆ ಒಂದು ಕೆಟ್ಟ ನಂಬಿಕೆಯನ್ನು ಕೊಟ್ಟಿವೆ: ಕತ್ತಲ ಕೋಣೆಯಲ್ಲಿ ತನ್ನನ್ನು ತಾನೇ ದಂಡಿಸಿಕೊಂಡರೆ ಇಂತಹ ಪಾತ್ರ ಒಲಿಯುತ್ತದೆ ಎಂದು. ಇದನ್ನು ನನ್ನ ವಿದ್ಯಾರ್ಥಿಗಳಿಂದ ಕೇಳಿದಾಗಲೆಲ್ಲ ನನಗೆ ಸಂಕಟವಾಗುತ್ತದೆ. ಪರದೆಯ ಮೇಲೆ ಕಾಣುವುದು ಅಳತೆ ತಪ್ಪದ ಕುಶಲ ಕೆಲಸ. ನಾಲಿಗೆ ತುಟಿಯ ಗಾಯವನ್ನು ಸವರುವ ಹೊತ್ತು, ಮೂಗಿನಲ್ಲಿ ಎಳೆದ ದನಿ ಥಟ್ಟನೆ ಎದೆಗೆ ಇಳಿಯುವ ಹೊತ್ತು, ಒಂದೊಂದನ್ನೂ ಎದುರಿನವರ ಕಣ್ಣು ನೋಡಿಯೇ ಅವರು ಆರಿಸಿಕೊಂಡಿದ್ದಾರೆ.

ಬಾಯಿಯ ಗಾಯದ ಕಥೆಯನ್ನೇ ನೋಡಿ. ಒಬ್ಬ ಪಾತಕಿಯ ಮುಂದೆ ಜೋಕರ್ ಅದನ್ನು ಕುಡುಕ ತಂದೆಯ ಕಥೆಯಾಗಿ ಹೇಳುತ್ತಾನೆ. ನಾಯಕ ಬ್ಯಾಟ್‌ಮನ್‌ನ ಗೆಳತಿ ರೇಚಲ್ ಮುಂದೆ ಅದು ಹೆಂಡತಿಯ ಕಥೆಯಾಗುತ್ತದೆ. ಎರಡರಲ್ಲಿ ಯಾವುದು ನಿಜ ಎಂಬುದಕ್ಕೆ ಚಿತ್ರ ಉತ್ತರ ಕೊಡುವುದಿಲ್ಲ, ಆದರೆ ಲೆಡ್ಜರ್ ಎರಡನ್ನೂ ಪೂರ್ಣ ನಂಬಿಕೆಯಿಂದ ಹೇಳುತ್ತಾರೆ, ಏಕೆಂದರೆ ಅವರಿಗೆ ಬೇಕಾದದ್ದು ಕೇಳುವವನ ಮುಖದ ಭಯ. ಮೂರನೆಯ ಸಲ, ಕೊನೆಯಲ್ಲಿ, ಬ್ಯಾಟ್‌ಮನ್ ಮುಂದೆ ಅದೇ ಕಥೆಯನ್ನು ಆರಂಭಿಸುತ್ತಾನೆ. ಬ್ಯಾಟ್‌ಮನ್ ಅವನಿಗೆ ಹೇಳಿ ಮುಗಿಸಲು ಬಿಡುವುದಿಲ್ಲ. ಇಡೀ ಚಿತ್ರದಲ್ಲಿ ನಾಯಕನ ಗೆಲುವು ನನಗೆ ಕಾಣುವುದು ಅಲ್ಲಿ: ಕಥೆಗೆ ಕೇಳುಗ ಸಿಗದೆ ಹೋದ ಕ್ಷಣದಲ್ಲಿ. ಮೊದಲೆರಡು ಸಲ ಲೆಡ್ಜರ್ ಆ ಕಥೆಗೆ ಕೊಟ್ಟ ಹಿಡಿತವಿಲ್ಲದಿದ್ದರೆ ಈ ಮೂರನೆಯದಕ್ಕೆ ಯಾವ ಬೆಲೆಯೂ ಬರುತ್ತಿರಲಿಲ್ಲ. ಕರ್ಣಪರ್ವದಲ್ಲಿ ಶಲ್ಯನ ಅರ್ಥ ಹೇಳುವವನು ಚೆನ್ನಾಗಿ ಚುಚ್ಚಿದಷ್ಟೂ, ಅವನು ರಥದಿಂದ ಇಳಿದುಹೋದ ಮೇಲೆ ಕರ್ಣನ ಒಂಟಿತನ ದೊಡ್ಡದಾಗುವುದನ್ನು ನಮ್ಮ ಸಭೆಗಳಲ್ಲಿ ನಾನು ಎಷ್ಟೋ ಸಲ ಕಂಡಿದ್ದೇನೆ.

ಏಂಜೆಲಾ ಬ್ಯಾಸೆಟ್ ಅವರ ಮುಂದಿದ್ದ ಕಷ್ಟ ಬೇರೆ ಬಗೆಯದು. ನಾಯಕನ ಪಾತ್ರ ವಹಿಸಿದ್ದ ಚಾಡ್ವಿಕ್ ಬೋಸ್ಮನ್ 2020ರ ಆಗಸ್ಟ್‌ನಲ್ಲಿ ನಿಜವಾಗಿಯೇ ತೀರಿಕೊಂಡಿದ್ದರು, 2022ರ 'ಬ್ಲ್ಯಾಕ್ ಪ್ಯಾಂಥರ್' ಎರಡನೆಯ ಚಿತ್ರದಲ್ಲಿ ಬ್ಯಾಸೆಟ್ ಆ ನಾಯಕನ ತಾಯಿ, ಮಗನನ್ನು ಕಳೆದುಕೊಂಡ ರಾಣಿ ರಮೊಂಡಾ. ಎದುರು ವೇಷವೇ, ಎಂದರೆ ಎದುರು ನಿಂತು ಆಡಬೇಕಾದ ಪಾತ್ರವೇ, ರಂಗದಲ್ಲಿಲ್ಲ. ಮಗಳೂ ಶತ್ರುವಿನ ವಶವಾದಾಗ ಅವರು ಸಿಂಹಾಸನದ ಮುಂದೆ ತಮ್ಮ ಸೇನಾನಾಯಕಿಯ ಮೇಲೆ ಸ್ಫೋಟಿಸುವ ಮಾತುಗಳನ್ನು ಬಹಳ ಜನ ಅನುಕರಿಸುತ್ತಾರೆ. ಅವರ ಕೂಗು ಎಲ್ಲರಿಗೂ ಸಿಗುತ್ತದೆ. ಕೂಗಿಗೆ ಮೊದಲು ರಾಜ್ಯದ ಅಧಿಪತ್ಯವನ್ನು ಹೆಮ್ಮೆಯಿಂದ ಹೇಳಿಕೊಂಡ ಅದೇ ಉಸಿರಿನಲ್ಲಿ ಮನೆ ಬರಿದಾದದ್ದನ್ನು ಹೇಳುವಾಗ ದನಿ ಒಡೆಯುವ ಆ ತಿರುವು ಸಿಗುವುದಿಲ್ಲ. ರಾಣಿ ಮಾತಾಡಲು ತೊಡಗಿ ತಾಯಿ ಮುಗಿಸುತ್ತಾಳೆ. ಆ ಪಾತ್ರಕ್ಕೆ ಅವರು ಗೋಲ್ಡನ್ ಗ್ಲೋಬ್ ಗೆದ್ದರು. ಮಾರ್ವೆಲ್ ಸ್ಟುಡಿಯೋಸ್ ಚಿತ್ರವೊಂದರ ಅಭಿನಯಕ್ಕೆ ಆಸ್ಕರ್ ನಾಮನಿರ್ದೇಶನ ದೊರೆತದ್ದೂ ಅದೇ ಮೊದಲು.

ಆಸ್ಕರ್ ಪಟ್ಟಿಗೆ ಸೇರದಿದ್ದರೂ ನಾನು ಬಿಡದೆ ತೋರಿಸುವ ಇನ್ನೊಬ್ಬರು ಸ್ಟೀವ್ ಬುಶೆಮಿ. ಡ್ಯಾನಿಯಲ್ ಕ್ಲೌಸ್ ಅವರ ಕಾಮಿಕ್ಸ್ ಆಧರಿಸಿದ 2001ರ 'ಘೋಸ್ಟ್ ವರ್ಲ್ಡ್' ಚಿತ್ರಕ್ಕಾಗಿ ಹಳೆಯ ಗ್ರಾಮಫೋನ್ ತಟ್ಟೆಗಳನ್ನು ಕೂಡಿಡುವ ಸೀಮೋರ್ ಎಂಬ ಮನುಷ್ಯನನ್ನು ಹೊಸದಾಗಿ ಕಟ್ಟಲಾಯಿತು. ಪದ್ಯವೇ ಇಲ್ಲದ ಕಡೆ ಅರ್ಥ ಹೇಳುವ ಕೆಲಸ ಅದು. ಹುಡುಗಿಯರ ಕೀಟಲೆಯ ಫೋನ್ ಕರೆಯನ್ನು ನಂಬಿ ಬಂದು, ಹೋಟೆಲಿನಲ್ಲಿ ಬಾರದವಳಿಗಾಗಿ ಕಾಯುತ್ತ ಕುಳಿತ ಅವರನ್ನು ದೂರದ ಮೇಜಿನಿಂದ ನೋಡುವ, ಆ ಹುಡುಗಿಯರಲ್ಲೊಬ್ಬಳಾದ ಎನಿಡ್‌ಳ ಮುಖದ ನಗು ಕ್ರಮೇಣ ಇಳಿಯುತ್ತದೆ. ಹುಡುಗಿಯ ಆ ಬದಲಾವಣೆಯನ್ನು ಮಾಡಿಸಿದ್ದು ಬುಶೆಮಿ, ಅದೂ ಅವಳ ಕಡೆಗೆ ಒಮ್ಮೆಯೂ ನೋಡದೆ. ಆ ವರ್ಷ ನ್ಯೂಯಾರ್ಕ್‌ನ ಚಿತ್ರವಿಮರ್ಶಕರ ಬಳಗ ಅವರನ್ನೇ ಅತ್ಯುತ್ತಮ ಪೋಷಕ ನಟ ಎಂದು ಆರಿಸಿತು.

ಈಚೆಗೆ ಯಾರಾದರೂ ಜೋಕರ್‌ನ ನಗು ಹೊತ್ತು ಬಂದರೆ ನಾನು ಅವರನ್ನು ತಡೆಯುವುದಿಲ್ಲ. ನಗುವ ಕೆಲಸವನ್ನು ಇನ್ನೊಬ್ಬರಿಗೆ ಕೊಟ್ಟು, ಇವರನ್ನು ರೇಚಲ್ ಜಾಗದಲ್ಲಿ, ಗಲ್ಲಕ್ಕೆ ಚಾಕು ತಾಗಿಸಿಕೊಂಡು ಕಥೆ ಕೇಳಲು ನಿಲ್ಲಿಸುತ್ತೇನೆ. ಚಾಕುವಿನ ಬದಲು ಮರದ ಅಡಿಕೋಲು. ಕಳೆದ ತಿಂಗಳು ಡೊಂಬಿವಲಿಯಿಂದ ಬರುವ ಹುಡುಗಿಯೊಬ್ಬಳು ಹಾಗೆ ನಿಂತು ಕೇಳುತ್ತಿದ್ದಾಗ, ಜೋಕರ್ ಆಗಿದ್ದ ಹುಡುಗ ಮಾತಿನ ನಡುವೆ ತಾನಾಗಿಯೇ ದನಿ ತಗ್ಗಿಸಿದ. ಹಾಗೆ ತಗ್ಗಿಸಲು ನಾನು ಹೇಳಿರಲಿಲ್ಲ. ಅವಳು ಕಣ್ಣು ಮಿಟುಕಿಸದೆ ನೋಡುತ್ತಿದ್ದಳು, ಅವನಿಗೆ ಕೂಗುವ ಅಗತ್ಯ ಉಳಿದಿರಲಿಲ್ಲ.