ಬಿಸಿನೀರಿನ ಬುಗ್ಗೆಗೆ ನೀರು ಕೊಡುವುದು ಮಳೆ

"ನೆಲದೊಳಗೆ ಗಂಧಕ ಉರೀತಾ ಇರುತ್ತೆ, ಅದಕ್ಕೇ ನೀರು ಬಿಸಿ." ಬಿಸಿನೀರಿನ ಬುಗ್ಗೆಯ ಮಾತು ಬಂದಾಗಲೆಲ್ಲ ನಮ್ಮ ಮಲೆನಾಡಿನಲ್ಲಿ ಈ ವಿವರಣೆ ತಪ್ಪದೆ ಬರುತ್ತದೆ. ಓದಿದವರೂ ಹೇಳುತ್ತಾರೆ, ಓದದವರೂ ಹೇಳುತ್ತಾರೆ. ಬಾಲಿ ದ್ವೀಪದಲ್ಲಿ, ಬಾತೂರ್ ಜ್ವಾಲಾಮುಖಿಯ ಬುಡದ ಬಿಸಿನೀರಿನ ಕೊಳದಲ್ಲಿ ಕತ್ತಿನವರೆಗೆ ಮುಳುಗಿ ಕೂತು ಇದೇ ಮಾತು ಹೇಳಿದವರು ನಮ್ಮ ಗುಂಪಿನ ಹಿರಿಯರು, ತೀರ್ಥಹಳ್ಳಿ ಕಡೆಯ ಅಡಿಕೆ ಬೆಳೆಗಾರರು.

"ಗಂಧಕ ಉರಿಯೋಕೆ ಗಾಳಿ ಬೇಕಲ್ಲ ಮಾವ, ಅಷ್ಟು ಆಳದಲ್ಲಿ ಗಾಳಿ ಎಲ್ಲಿಂದ ಬರಬೇಕು?" ಅಂದೆ.

"ಮತ್ತೆ ಈ ವಾಸನೆ ಎಂತದು ಮಾರಾಯಾ? ಮೂಗಿಗೆ ಬಡೀತಾ ಇದೆ!"

ವಾಸನೆ ಇದ್ದದ್ದು ನಿಜ. ಆದರೆ ನಮ್ಮ ಬಚ್ಚಲ ಹಂಡೆಯನ್ನು ನೆನೆಸಿಕೊಳ್ಳಿ. ಒಲೆಗೆ ಹಸಿ ಕಟ್ಟಿಗೆ ತುಂಬಿದ ದಿನ ಹಂಡೆಯ ನೀರಿಗೂ ಹೊಗೆಯ ವಾಸನೆ ಹತ್ತುತ್ತದೆ. ಹಾಗಂತ ಹೊಗೆಯೇ ನೀರು ಕಾಯಿಸಿತು ಅಂತ ಯಾರೂ ಹೇಳುವುದಿಲ್ಲ. ನೀರು ಬಾವಿಯದ್ದು, ಕಾವು ಬೆಂಕಿಯದ್ದು, ವಾಸನೆ ಹೊಗೆಯದ್ದು. ಬುಗ್ಗೆಯಲ್ಲೂ ಈ ಮೂರು ಲೆಕ್ಕ ಬೇರೆ ಬೇರೆ. ಮೂಗಿಗೆ ಬಡಿಯುವುದು ಹೈಡ್ರೋಜನ್ ಸಲ್ಫೈಡ್ ಅನಿಲ. ನೀರಿನಲ್ಲಿ ಅತಿ ಕಡಿಮೆ ಇದ್ದರೂ ಅದು ಗೊತ್ತಾಗುತ್ತದೆ. ಕಾವು ಬರುವುದು ಬಿಸಿಯಾದ ಬಂಡೆಯಿಂದ. ಇನ್ನು ನೀರು? ನನಗೆ ಎಲ್ಲಕ್ಕಿಂತ ಇಷ್ಟವಾದ ಭಾಗ ಅದೇ. ನೀರು ಮಳೆಯದ್ದು. ಮೇಲಿನ ಬೆಟ್ಟದ ಮೇಲೆ ಎಂದೋ ಬಿದ್ದ ಮಳೆ.

ಮೊದಲು ಜಾಗದ ಬಗ್ಗೆ ಹೇಳಿಬಿಡುತ್ತೇನೆ. ಬಾತೂರ್ ನೋಡಲು ಪೆನೆಲೋಕನ್ ಎಂಬ ಊರಿನ ಅಂಚಿಗೆ ಹೋಗಿ ನಿಲ್ಲಬೇಕು. ಕೆಳಗೆ ಸುಮಾರು 13 ಕಿಲೋಮೀಟರ್ ಉದ್ದ, 10 ಕಿಲೋಮೀಟರ್ ಅಗಲದ ಒಂದು ಮಹಾ ಗುಂಡಿ. ಅದರೊಳಗೆ ಅರ್ಧಚಂದ್ರಾಕಾರದ ಕೆರೆ. ಬಾಲಿಯ ಅತಿ ದೊಡ್ಡ ಕೆರೆ ಅದು. ಕೆರೆಯ ಪಕ್ಕದಲ್ಲಿ 1,717 ಮೀಟರ್ ಎತ್ತರದ ಬಾತೂರ್ ಶಿಖರ. ಇಷ್ಟು ದೊಡ್ಡ ಗುಂಡಿ ಕಂಡ ತಕ್ಷಣ, ಬೆಟ್ಟದ ತಲೆ ಸಿಡಿದು ಹಾರಿಹೋಯಿತು ಅಂತ ಎಲ್ಲರೂ ಅಂದುಕೊಳ್ಳುತ್ತಾರೆ. ನಮ್ಮ ಗೈಡ್ ಅದನ್ನು ಚೆನ್ನಾಗಿ ತಿದ್ದಿದರು. ಬೆಟ್ಟದ ಅಡಿಯಲ್ಲಿ ಕರಗಿದ ಶಿಲಾಪಾಕದ ದೊಡ್ಡ ಸಂಗ್ರಹ ಇರುತ್ತದೆ. ಭಾರಿ ಸ್ಫೋಟದಲ್ಲಿ ಅದು ಹೊರಗೆ ಬಂದು ಖಾಲಿಯಾದಾಗ ಮೇಲಿನ ಬೆಟ್ಟಕ್ಕೆ ಆಧಾರ ಇರುವುದಿಲ್ಲ, ಅದು ಒಳಗೆ ಕುಸಿಯುತ್ತದೆ. ಬಾತೂರ್‌ನಲ್ಲಿ ಹೀಗೆ ಎರಡು ಬಾರಿ ಆಗಿದೆ, ಸುಮಾರು 29,000 ವರ್ಷಗಳ ಹಿಂದೆ ಒಮ್ಮೆ, ಸುಮಾರು 20,000 ವರ್ಷಗಳ ಹಿಂದೆ ಇನ್ನೊಮ್ಮೆ. ಕುಸಿದ ಗುಂಡಿಯಲ್ಲಿ ಮಳೆ ನೀರು ನಿಂತು ಕೆರೆಯಾಯಿತು. ಆಮೇಲೆ ಗುಂಡಿಯೊಳಗೇ ಹೊಸ ಶಿಖರ ಬೆಳೆಯಿತು.

ಶಿಖರಕ್ಕೆ ನಡುರಾತ್ರಿ ಕಳೆದ ಮೇಲೆ ಟಾರ್ಚ್ ಹಿಡಿದು ಹತ್ತುತ್ತಾರೆ. ಕಪ್ಪು ಮರಳು, ಕಾಲಿಟ್ಟರೆ ಜಾರುತ್ತದೆ. ತುದಿಯಲ್ಲಿ ಬಂಡೆಯ ಸಂದಿಯಿಂದ ಹಬೆ ಬರುತ್ತಿರುತ್ತದೆ, ಗೈಡ್‌ಗಳು ಅದರಲ್ಲೇ ಮೊಟ್ಟೆ, ಬಾಳೆಹಣ್ಣು ಬೇಯಿಸಿ ಕೊಡುತ್ತಾರೆ. ಅಷ್ಟು ಎತ್ತರದಲ್ಲಿ ನೀರು ಸುಮಾರು 94 ಡಿಗ್ರಿಗೇ ಕುದಿಯುತ್ತದೆ, ಮೊಟ್ಟೆಗೆ ಅಷ್ಟು ಸಾಕು.

ಇಳಿಯುವಾಗ ಕಾಣುವ ಕಪ್ಪು ಲಾವಾದ ಬಯಲಿಗೆ ಒಂದು ಕಥೆ ಇದೆ. ಅದನ್ನು ಕೇಳಿದಾಗಿನಿಂದ ನನ್ನ ಮನಸ್ಸಿನಲ್ಲಿ ಕೊರೀತಾ ಇದೆ. ಬಾತೂರ್ ಹಳ್ಳಿ ಮೊದಲು ಇದೇ ಗುಂಡಿಯೊಳಗೆ ಇತ್ತು. 1917ರಲ್ಲಿ ಜ್ವಾಲಾಮುಖಿ ಎದ್ದಿತು. ಹರಿದು ಬಂದ ಲಾವಾ ದೇವಸ್ಥಾನದ ಬಾಗಿಲ ಹತ್ತಿರ ಬಂದು ನಿಂತಿತು. ದೇವರು ಕಾಪಾಡಿದ ಅಂತ ಜನ ಊರು ಬಿಡಲಿಲ್ಲ. 1926ರಲ್ಲಿ ಮತ್ತೆ ಲಾವಾ ಬಂತು, ಈ ಸಲ ಊರನ್ನೂ ದೇವಸ್ಥಾನವನ್ನೂ ಮುಚ್ಚಿತು. ಆಮೇಲೆ ಊರಿನವರು ದೇವರನ್ನು ಹೊತ್ತುಕೊಂಡು ಗುಂಡಿಯ ಅಂಚಿಗೆ ಬಂದು ಹೊಸ ಊರು ಕಟ್ಟಿಕೊಂಡರು. ಲಾವಾ ಎಲ್ಲಿ ನಿಲ್ಲುತ್ತದೆ ಎಂಬುದನ್ನು ತೀರ್ಮಾನ ಮಾಡುವುದು ಇಳಿಜಾರು, ಅದರ ಜಿಗುಟುತನ, ಹಿಂದಿನಿಂದ ಎಷ್ಟು ಬರುತ್ತಿದೆ ಎಂಬ ಪ್ರಮಾಣ. ಒಂದು ಸಲ ಬಾಗಿಲಲ್ಲಿ ನಿಂತದ್ದು ಮುಂದಿನ ಸಲಕ್ಕೆ ಭರವಸೆ ಅಲ್ಲ. ನಮ್ಮಲ್ಲೂ ಗುಡ್ಡ ಕುಸಿದಾಗ ಗುಡಿ ಉಳಿಯಿತು ಅಂತ ಫೋಟೋ ಹಾಕಿ ಸಂಭ್ರಮಿಸುತ್ತಾರೆ. ಅದೇ ಗುಡ್ಡದ ಬುಡದಲ್ಲಿ ಮತ್ತೆ ಮನೆ ಕಟ್ಟುತ್ತಾರೆ. ನನಗೆ ಭಯ ಆಗುವುದು ಅದಕ್ಕೇ.

ಹಾಗೆಂದು ಬಾಲಿಯವರ ಕೆರೆಯ ಪೂಜೆಯನ್ನು ಹಗುರವಾಗಿ ನೋಡಬಾರದು. ಬಾತೂರ್ ಕೆರೆಗೆ ಹೊರಗೆ ಹರಿಯುವ ಕೋಡಿ ಇಲ್ಲ. ನೀರು ನೆಲದೊಳಗೆ ಇಳಿದು ಹೋಗುತ್ತದೆ. ಕೆಳಗಿನ ಬೆಟ್ಟದ ಮಗ್ಗುಲಲ್ಲಿ ಒರತೆಗಳಾಗಿ ಏಳುವ ನೀರು ಕೆರೆಯ ದೇವತೆ ದೇವಿ ದನು ಕೊಟ್ಟದ್ದು ಎಂದು ಅಲ್ಲಿನವರು ನಂಬುತ್ತಾರೆ. ಭತ್ತದ ಗದ್ದೆಗಳಿಗೆ ಸರದಿಯ ಮೇಲೆ ನೀರು ಬಿಡುವ ಕೆಲಸವನ್ನು ಶತಮಾನಗಳಿಂದ ಅವಳ ದೇವಸ್ಥಾನಗಳ ಜಾಲ ನಡೆಸಿಕೊಂಡು ಬಂದಿದೆ. 1970ರ ದಶಕದಲ್ಲಿ ಸರ್ಕಾರ ಹೊಸ ತಳಿ ತಂದು, ಸರದಿ ಬಿಟ್ಟು ಆದಷ್ಟು ಸಲ ಬೆಳೆಯಿರಿ ಅಂದಿತು. ಕೀಟಬಾಧೆ ವಿಪರೀತ ಏರಿತು. ಅಕ್ಕಪಕ್ಕದ ಗದ್ದೆಗಳೆಲ್ಲ ಒಟ್ಟಿಗೆ ಖಾಲಿ ಬಿದ್ದರೆ ಮಾತ್ರ ಕೀಟಕ್ಕೆ ತಿನ್ನಲು ಏನೂ ಸಿಗುವುದಿಲ್ಲ. ಮಾನವಶಾಸ್ತ್ರಜ್ಞ ಸ್ಟೀಫನ್ ಲ್ಯಾನ್ಸಿಂಗ್ ಮತ್ತು ಪರಿಸರ ವಿಜ್ಞಾನಿ ಜೇಮ್ಸ್ ಕ್ರೀಮರ್ ಇದನ್ನು ಕಂಪ್ಯೂಟರ್ ಮಾದರಿ ಕಟ್ಟಿ ತೋರಿಸಿದರು. ದೇವಸ್ಥಾನದ ಸರದಿ ನೀರಿಗೂ ಸರಿ ಇತ್ತು, ಕೀಟದ ಹತೋಟಿಗೂ ಸರಿ ಇತ್ತು. ನಂಬಿಕೆಯನ್ನೂ ಹೀಗೆ ಅಳೆದು ನೋಡಬೇಕು ಅಂತ ನನ್ನ ಅಭಿಪ್ರಾಯ.

ಈಗ ನೀರಿನ ಕಥೆಗೆ ಬರೋಣ. ಬುಗ್ಗೆಯ ನೀರು ಮಳೆಯದ್ದು ಅಂತ ಹೇಳುವುದು ಸುಲಭ. ಗೊತ್ತಾಗಿದ್ದು ಹೇಗೆ?

ಪ್ರಯೋಗಾಲಯದ ಬರ್ನರ್‌ನಿಂದ ನಮಗೆಲ್ಲ ಹೆಸರು ಗೊತ್ತಿರುವ ರಾಬರ್ಟ್ ಬುನ್ಸೆನ್ 1846ರಲ್ಲಿ ಐಸ್‌ಲ್ಯಾಂಡ್‌ಗೆ ಹೋಗಿದ್ದ. ಅಲ್ಲಿನ ಚಿಮ್ಮುವ ಬುಗ್ಗೆಯ ಬಾಯೊಳಗೆ ಥರ್ಮಾಮೀಟರ್ ಇಳಿಬಿಟ್ಟ. ಆಳದಲ್ಲಿ ನೀರು 100 ಡಿಗ್ರಿ ದಾಟಿದ್ದರೂ ಕುದಿಯದೆ ಇತ್ತು. ಅಲ್ಲಿನ ಬಂಡೆಯನ್ನು ಬಿಸಿ ನೀರಿನಲ್ಲಿಟ್ಟು, ಬುಗ್ಗೆಯಲ್ಲಿರುವ ಲವಣಗಳು ಬಂಡೆಯಿಂದಲೇ ಬರಬಹುದು ಎಂದು ತೋರಿಸಿದ. ನೀರು ಮಳೆ ಮತ್ತು ಹಿಮದ್ದು ಅಂದ. ಆದರೆ 1902ರಲ್ಲಿ ಎಡ್ವರ್ಡ್ ಸ್ಯೂಸ್ ಎಂಬ ದೊಡ್ಡ ಭೂವಿಜ್ಞಾನಿ ಬೇರೆ ಮಾತು ಹೇಳಿದ. ಈ ನೀರು ಭೂಮಿಯ ಒಳಗಿನಿಂದ ಮೊದಲ ಸಲ ಮೇಲೆ ಬರುತ್ತಿರುವ ಹೊಸ ನೀರು ಎಂದ. ಸ್ಯೂಸ್ ಮಾತಿಗೆ ತೂಕ ಇತ್ತು. ಸುಮಾರು ಅರ್ಧ ಶತಮಾನ ಆ ವಿಚಾರ ಗಟ್ಟಿಯಾಗಿ ನಿಂತಿತು.

ಜಗಳ ಬಗೆಹರಿಸಿದ್ದು ನೀರೊಳಗಿನ ಪರಮಾಣುಗಳ ತೂಕ. ಇಲ್ಲಿ ಸ್ವಲ್ಪ ನಿಧಾನವಾಗಿ ಹೋಗೋಣ, ಏಕೆಂದರೆ ವಿಜ್ಞಾನದಲ್ಲಿ ಇಷ್ಟು ಅಚ್ಚುಕಟ್ಟಾದ ಸಾಕ್ಷಿ ಸಿಗುವುದು ಅಪರೂಪ.

ಎಲ್ಲ ಹೈಡ್ರೋಜನ್ ಪರಮಾಣುಗಳ ತೂಕವೂ ಒಂದೇ ಅಲ್ಲ. ಸಮುದ್ರದ ನೀರಿನಲ್ಲಿ ಸುಮಾರು 6,400 ಹೈಡ್ರೋಜನ್‌ಗಳಲ್ಲಿ ಒಂದು ಎರಡು ಪಟ್ಟು ಭಾರ ಇರುತ್ತದೆ. ಅದೇ ಡ್ಯೂಟೀರಿಯಂ. ಕೈಗಾದ ರಿಯಾಕ್ಟರ್‌ಗಳಲ್ಲಿ ಬಳಸುವ ಭಾರಜಲ ಇದರಿಂದಲೇ ಆದದ್ದು. ಆಕ್ಸಿಜನ್‌ನಲ್ಲೂ ಹಾಗೆ, ಸುಮಾರು 500ರಲ್ಲಿ ಒಂದು ಭಾರದ್ದು, ಅದರ ಹೆಸರು ಆಕ್ಸಿಜನ್-18. ಸಮುದ್ರ ಆವಿಯಾಗುವಾಗ ಹಗುರ ಅಣುಗಳು ಸುಲಭವಾಗಿ ಮೇಲೇಳುತ್ತವೆ. ಮೋಡ ಮಳೆಯಾಗುವಾಗ ಭಾರದವು ಮೊದಲು ಉದುರುತ್ತವೆ. ಅದಕ್ಕೇ ಸಾಮಾನ್ಯವಾಗಿ ಎತ್ತರದ ಬೆಟ್ಟದ ಮೇಲೆ ಬೀಳುವ ಮಳೆಯಲ್ಲಿ ಭಾರದ ಅಣುಗಳು ಇನ್ನೂ ಕಡಿಮೆ. ಅಂದರೆ ಪ್ರತಿ ಊರಿನ ಮಳೆಗೂ ಒಂದು ಗುರುತು ಇರುತ್ತದೆ. ಜಗತ್ತಿನಾದ್ಯಂತದ ನೀರನ್ನು ಅಳೆದು, ಮಳೆಯಲ್ಲಿ ಈ ಎರಡು ಗುರುತುಗಳು ಒಟ್ಟೊಟ್ಟಿಗೆ, ಒಂದೇ ಸರಳ ರೇಖೆಯ ಮೇಲೆ ಬದಲಾಗುತ್ತವೆ ಎಂದು 1961ರಲ್ಲಿ ತೋರಿಸಿದವನು ಅಮೆರಿಕದ ಹಾರ್ಮನ್ ಕ್ರೇಗ್.

ಕ್ರೇಗ್ ಬಿಸಿನೀರಿನ ಬುಗ್ಗೆಗಳ ನೀರನ್ನೂ ಅಳೆದ. ಡ್ಯೂಟೀರಿಯಂ ಆಯಾ ಊರಿನ ಮಳೆಯಷ್ಟೇ ಇತ್ತು. ಆಕ್ಸಿಜನ್-18 ಮಾತ್ರ ಎಷ್ಟೋ ಕಡೆ ಜಾಸ್ತಿ ಇತ್ತು. ಯಾಕೆ? ಬಂಡೆಯ ತೂಕದಲ್ಲಿ ಹೆಚ್ಚುಕಡಿಮೆ ಅರ್ಧ ಆಕ್ಸಿಜನ್ನೇ. ಬಿಸಿ ನೀರು ಬಂಡೆಯ ಜೊತೆ ಬಹಳ ಕಾಲ ಇದ್ದರೆ ಎರಡೂ ತಮ್ಮ ಆಕ್ಸಿಜನ್ ಅದಲು ಬದಲು ಮಾಡಿಕೊಳ್ಳುತ್ತವೆ. ಬಂಡೆಯ ಆಕ್ಸಿಜನ್‌ನಲ್ಲಿ ಭಾರದ್ದು ಜಾಸ್ತಿ, ಹಾಗಾಗಿ ನೀರಿಗೂ ಅದು ಸೇರುತ್ತದೆ. ಹೈಡ್ರೋಜನ್ ಮಾತ್ರ ಬಂಡೆಯಲ್ಲಿ ಇಲ್ಲವೆನ್ನುವಷ್ಟು ಕಡಿಮೆ. ಬದಲಾಯಿಸಿಕೊಳ್ಳಲು ಅಲ್ಲಿ ಏನೂ ಇಲ್ಲ. ಹಾಗಾಗಿ ಮಳೆಯ ಹೈಡ್ರೋಜನ್ ಗುರುತು ನೂರಾರು ವರ್ಷ ಪಾತಾಳ ಸುತ್ತಿ ಬಂದರೂ ಅಳಿಸುವುದಿಲ್ಲ. ಆಕ್ಸಿಜನ್ ನೀರು ಎಷ್ಟು ಬೆಂದಿದೆ ಅಂತ ಹೇಳುತ್ತದೆ, ಹೈಡ್ರೋಜನ್ ಅದು ಯಾರ ಮನೆಯದ್ದು ಅಂತ ಹೇಳುತ್ತದೆ. ಶಿಲಾಪಾಕದ ಆವಿಯೂ ಒಂದಿಷ್ಟು ಸೇರುವ ಬುಗ್ಗೆಗಳುಂಟು, ಜ್ವಾಲಾಮುಖಿಯ ಬಾಯಿಗೆ ಹತ್ತಿರವಾದಷ್ಟೂ ಅದು ಹೆಚ್ಚು. ಆದರೂ ದೊಡ್ಡ ಪಾಲು ಮಳೆಯದ್ದೇ.

ಆ ಮಳೆ ಮತ್ತೆ ಮೇಲೆ ಬರುವುದು ಹೇಗೆ? ಕೆಳಗೆ ಯಾವ ಪಂಪೂ ಇಲ್ಲ. ಬಿಸಿ ನೀರು ಹಗುರ, ತಣ್ಣೀರು ಭಾರ, ಅಷ್ಟೇ. 200 ಡಿಗ್ರಿ ಕಾವಿನ ನೀರು ಲೀಟರಿಗೆ ಸುಮಾರು 865 ಗ್ರಾಂ ತೂಗುತ್ತದೆ. ಒಂದು ಬಿರುಕಿನಲ್ಲಿ 1 ಕಿಲೋಮೀಟರ್ ತಣ್ಣೀರು, ಅದಕ್ಕೆ ಕೆಳಗೆ ಕೂಡಿಕೊಂಡ ಇನ್ನೊಂದು ಬಿರುಕಿನಲ್ಲಿ ಅಷ್ಟೇ ಎತ್ತರ ಬಿಸಿ ನೀರು ಇದೆ ಅಂದುಕೊಳ್ಳಿ. ತಣ್ಣೀರಿನ ಕಡೆಯಿಂದ ಬೀಳುವ ಹೆಚ್ಚುವರಿ ಒತ್ತಡ ಸುಮಾರು 135 ಮೀಟರ್ ಎತ್ತರದ ನೀರಿನ ಒತ್ತಡಕ್ಕೆ ಸಮ. ಬಿಸಿ ನೀರನ್ನು ಮೇಲೆ ತಳ್ಳಲು ಅದು ಧಾರಾಳ ಆಯಿತು. 200 ಡಿಗ್ರಿಯಲ್ಲಿ ನೀರು ಕುದಿದು ಹಬೆಯಾಗುವುದಿಲ್ಲವೇ ಅಂದರೆ, ಇಲ್ಲ. 1 ಕಿಲೋಮೀಟರ್ ಆಳದಲ್ಲಿ ಮೇಲಿನ ನೀರಿನ ಭಾರ ಸುಮಾರು 100 ವಾಯುಭಾರದಷ್ಟು. ಆ ಒತ್ತಡದಲ್ಲಿ ಕುದಿಯಲು 310 ಡಿಗ್ರಿ ಬೇಕು. ಬುನ್ಸೆನ್ ಅಳೆದು ಕಂಡದ್ದು ಇದನ್ನೇ.

ಬಾತೂರ್ ತುದಿಯಲ್ಲಿ ಬೆಳಕು ಹರಿದಾಗ ಪೂರ್ವಕ್ಕೆ, ಸಮುದ್ರದ ಆಚೆ, ಲಾಂಬೋಕ್ ದ್ವೀಪದ ರಿಂಜಾನಿ ಕಾಣುತ್ತದೆ. ಅದರ ಪಕ್ಕದಲ್ಲಿ ಸಮಲಾಸ್ ಎಂಬ ಇನ್ನೊಂದು ಶಿಖರ ಇತ್ತು. 1257ರಲ್ಲಿ ಸಿಡಿದು ಕುಸಿಯಿತು, ಈಗ ಅಲ್ಲಿ ಸೆಗಾರಾ ಅನಕ್ ಎಂಬ ಕೆರೆ ಇದೆ, ಬಿಸಿನೀರಿನ ಬುಗ್ಗೆಗಳಿವೆ. ಗ್ರೀನ್‌ಲ್ಯಾಂಡ್ ಮತ್ತು ಅಂಟಾರ್ಕ್ಟಿಕಾದ ಹಿಮದ ಪದರಗಳಲ್ಲಿ ಆ ಕಾಲದ ಗಂಧಕದ ಆಮ್ಲ ಸಿಕ್ಕಿತ್ತು, ಯಾವ ಜ್ವಾಲಾಮುಖಿಯದ್ದು ಅಂತ ದಶಕಗಳ ಕಾಲ ಯಾರಿಗೂ ಗೊತ್ತಿರಲಿಲ್ಲ. 2013ರಲ್ಲಿ ಗುರುತು ಹಿಡಿದಾಗ ಬೂದಿಯ ರಸಾಯನದ ಜೊತೆಗೆ ನೆರವಿಗೆ ಬಂದದ್ದು ತಾಳೆಗರಿಯ ಹಳೆಯ ಜಾವಾನೀಸ್ ಬರಹ. ಬೆಟ್ಟ ಕುಸಿದು ಊರು ಹಾಳಾದದ್ದನ್ನು ಅದರಲ್ಲಿ ಯಾರೋ ಬರೆದಿಟ್ಟಿದ್ದರು. ಮನೆಯ ಅಟ್ಟದಲ್ಲಿ ತಾಳೆಗರಿ ಕಟ್ಟು ಇರುವ ನಮ್ಮ ಕಡೆಯವರು ಇದನ್ನು ತಿಳಿಯಬೇಕು.

ತೀರ್ಥಹಳ್ಳಿಯ ಹಿರಿಯರು ವಾಪಸ್ ಬರುವಾಗ ಕೇಳಿದ ಪ್ರಶ್ನೆ ಒಳ್ಳೆಯದು. "ಮಳೆಯೇ ಬೇಕು ಅಂತಾದ್ರೆ ಆಗುಂಬೆಗಿಂತ ಬೇಕಾ? ನಮ್ಮಲ್ಲಿ ಯಾಕೆ ಬಿಸಿ ಬುಗ್ಗೆ ಇಲ್ಲ?"

ಆಗುಂಬೆಯಲ್ಲಿ ವರ್ಷಕ್ಕೆ 7,000 ಮಿಲಿಮೀಟರ್ ಮೀರಿ ಮಳೆ ಬೀಳುವುದುಂಟು. ನೀರಿಗೆ ಬರ ಇಲ್ಲ, ಒಲೆ ಇಲ್ಲ. ಕೊಡಚಾದ್ರಿ ಹಿಂದೆ ಜ್ವಾಲಾಮುಖಿಯಾಗಿತ್ತು, ಒಳಗೆ ಇನ್ನೂ ಬೆಂಕಿ ಇದೆ ಅಂತ ಸುಮ್ನೆ ಹಬ್ಬಿಸುತ್ತಾರೆ. ಮಲೆನಾಡಿನ ಬಂಡೆಗಳಲ್ಲಿ ಹೆಚ್ಚಿನವು 250 ಕೋಟಿ ವರ್ಷಕ್ಕೂ ಹಳೆಯವು. ಅವುಗಳ ನಡುವೆ ಪುರಾತನ ಲಾವಾ ಕೂಡ ಇದೆ, ಆದರೆ ಅದರ ಕಾವು ಆರಿ ಯುಗಗಳೇ ಕಳೆದಿವೆ. ಮಲ್ಪೆಯ ಎದುರಿನ ಸೇಂಟ್ ಮೇರೀಸ್ ದ್ವೀಪದ ಕಂಬಕಲ್ಲುಗಳೂ ಲಾವಾದಿಂದ ಆದವೇ, ಸುಮಾರು 8.8 ಕೋಟಿ ವರ್ಷ ಹಳೆಯವು, ಅವೂ ತಣ್ಣಗಿವೆ. ನಮ್ಮ ಕೆಳಗಿನ ನೆಲ ಎಷ್ಟು ತಂಪು ಅನ್ನುವುದಕ್ಕೆ ಕೋಲಾರದ ಚಿನ್ನದ ಗಣಿಯೇ ಲೆಕ್ಕ. ಅಲ್ಲಿ 3.2 ಕಿಲೋಮೀಟರ್ ಆಳದಲ್ಲಿ ಬಂಡೆಯ ಕಾವು 65 ಡಿಗ್ರಿಯನ್ನು ಸ್ವಲ್ಪ ಮೀರಿತ್ತು. ಅಂದರೆ, ಮೇಲಿನ ನೆಲಕ್ಕೆ ಮೊದಲೇ ಇರುವ ಕಾವನ್ನು ಕಳೆದರೆ, ಒಂದೊಂದು ಕಿಲೋಮೀಟರ್‌ಗೆ ಹೆಚ್ಚುವುದು 15 ಡಿಗ್ರಿಗಿಂತ ಕಮ್ಮಿ. ಜಗತ್ತಿನ ಸರಾಸರಿ 25ರಿಂದ 30.

ಜ್ವಾಲಾಮುಖಿಯೇ ಬೇಕು ಅಂತಿಲ್ಲ. ಹಿಮಾಲಯದ ಮಣಿಕರ್ಣದಲ್ಲಿ ಜ್ವಾಲಾಮುಖಿ ಇಲ್ಲ, ಆದರೂ ಬುಗ್ಗೆಯಲ್ಲಿ ಅನ್ನ ಬೇಯುತ್ತದೆ. ನೀರು ಆಳಕ್ಕೆ ಇಳಿದು, ಕಾವು ಆರುವ ಮೊದಲೇ ಮೇಲೆ ಬರಲು ಒಳ್ಳೆಯ ಬಿರುಕು ಸಿಕ್ಕರೆ ಸಾಕು. ಘಟ್ಟದ ಕೆಳಗೆ ಪುತ್ತೂರು ತಾಲ್ಲೂಕಿನ ಇರ್ದೆಯಲ್ಲಿರುವ ಬೆಂದ್ರ್ ತೀರ್ಥದ ಬೆಚ್ಚಗಿನ ನೀರಿಗೂ ಹತ್ತಿರದಲ್ಲಿ ಯಾವ ಜ್ವಾಲಾಮುಖಿಯೂ ಇಲ್ಲ. ಮಹಾರಾಷ್ಟ್ರದ ಕೊಂಕಣ ಕರಾವಳಿಯ ಉದ್ದಕ್ಕೂ ಇಂಥ ಬಿಸಿ ಬುಗ್ಗೆಗಳ ಸಾಲೇ ಇದೆ. ಅವುಗಳ ನೀರನ್ನು ಮುಂಬೈನ ಭಾಭಾ ಅಣು ಸಂಶೋಧನಾ ಕೇಂದ್ರದ ವಿಜ್ಞಾನಿಗಳು ಕ್ರೇಗ್ ತೋರಿಸಿದ ದಾರಿಯಲ್ಲೇ ಪರೀಕ್ಷೆ ಮಾಡಿದ್ದಾರೆ. ಡ್ಯೂಟೀರಿಯಂ ಅಳೆದರು, ಆಕ್ಸಿಜನ್-18 ಅಳೆದರು. ಅದೂ ಮಳೆಯ ನೀರೇ.